"ನೀವೇ ಗುಂಪು ಮಾಡ್ಕೊಳ್ಳಿ" ಅನ್ನಬೇಡಿ ಟೀಚರ್

ನಿನ್ನೆ ಮಗಳ ತರಗತಿಯ ಹೊರಗೆ ಕಾಯುತ್ತಿದ್ದೆ. ಒಳಗೆ ಟೀಚರ್ "ನಾಲ್ಕು ನಾಲ್ಕು ಜನ ಸೇರಿ, ನೀವೇ ಗುಂಪು ಮಾಡ್ಕೊಳ್ಳಿ" ಅಂದರು. ಬೆಂಚು ಸರಿದವು, ಹೆಸರು ಕೂಗಾಟ ಶುರುವಾಯಿತು. ಒಬ್ಬ ಹುಡುಗ ಮಾತ್ರ ಪೆನ್ಸಿಲ್ ಬಾಕ್ಸ್ ತೆಗೆಯುತ್ತಾ ಮುಚ್ಚುತ್ತಾ ಕೂತಿದ್ದ. ಕೊನೆಗೆ ಟೀಚರ್ ಇಡೀ ಕ್ಲಾಸಿಗೆ ಕೇಳಿದರು: "ಇವನನ್ನ ಯಾರು ಸೇರಿಸ್ಕೊಳ್ತೀರಾ?"

ಒಂದು ಕೈಯೂ ಮೇಲೇಳಲಿಲ್ಲ.

ನನಗೆ ಇನ್ನೂ ಸಿಟ್ಟು ಇಳಿದಿಲ್ಲ. ಆ ಪ್ರಶ್ನೆಯನ್ನು ಯಾವ ಮಗುವಿನ ಎದುರೂ ಕೇಳಬಾರದು. ಹಾಜರಿ ಸಂಖ್ಯೆ ಹಿಡಿದು ಗುಂಪು ಮಾಡಿ, ಚೀಟಿ ಎತ್ತಿಸಿ. ಎರಡು ನಿಮಿಷದ ಕೆಲಸ, ಅಲ್ವಾ? ಆಟದ ಮೈದಾನದಲ್ಲೂ ಇದೇ ಕಥೆ. ಇಬ್ಬರು ನಾಯಕರು ಒಬ್ಬೊಬ್ಬರನ್ನೇ ಆರಿಸುತ್ತಾರೆ, ಕೊನೆಗೆ ಉಳಿಯುವ ಮಗು ಯಾರು ಅಂತ ಮೊದಲೇ ಎಲ್ಲರಿಗೂ ಗೊತ್ತು. ಆ ಮಗುವಿಗಂತೂ ಚೆನ್ನಾಗಿ ಗೊತ್ತು.

"ಲೋಕ ಇರೋದೇ ಹಾಗೆ, ಮಕ್ಕಳು ಗಟ್ಟಿಯಾಗಲಿ" ಅನ್ನುವವರಿದ್ದಾರೆ. ಈ ಮಾತನ್ನು ನಾನು ಒಪ್ಪುವುದೇ ಇಲ್ಲ. ಹೊರಗುಳಿದ ಮಗು ಸ್ನೇಹ ಮಾಡುವುದನ್ನು ಕಲಿಯುವುದಿಲ್ಲ, ಬಚ್ಚಿಟ್ಟುಕೊಳ್ಳುವುದನ್ನು ಕಲಿಯುತ್ತದೆ. ಬಿಡುವಿನಲ್ಲಿ ಸುಮ್ನೆ ಶೌಚಾಲಯಕ್ಕೆ ಹೋಗಿ ನಿಲ್ಲುತ್ತದೆ. ಬೆಳಿಗ್ಗೆ ಹೊಟ್ಟೆನೋವು ಅನ್ನುತ್ತದೆ, ಆ ನೋವು ಸುಳ್ಳೂ ಅಲ್ಲ. ಚಿಕ್ಕವಳಿದ್ದಾಗ ಗುಂಪಿನ ಮಾತು ಬಂದರೆ ಸಾಕು, ನನ್ನ ಅಂಗೈ ಬೆವರುತ್ತಿತ್ತು.

ದಾರಿಯಲ್ಲಿ ಮಗಳನ್ನು ಕೇಳಿದೆ. "ಅವನು ಯಾವಾಗ್ಲೂ ಹಾಗೇ ಅಮ್ಮಾ" ಅಂದಳು, ಎಷ್ಟು ಸಲೀಸಾಗಿ! ನನ್ನನ್ನು ಜಾಸ್ತಿ ಕಲಕಿದ್ದು ಇದು. ಅವಳ ಮೇಲೆ ಕೋಪವಿಲ್ಲ. ಯಾರು ಬೇಕು, ಯಾರು ಬೇಡ ಎಂದು ತೀರ್ಮಾನಿಸುವ ಅಧಿಕಾರವನ್ನು ಅಷ್ಟು ಚಿಕ್ಕ ಮಕ್ಕಳ ಕೈಗೆ ದಿನಾ ಕೊಟ್ಟರೆ ಅವರಿಗೂ ಅದೇ ಅಭ್ಯಾಸವಾಗುತ್ತದೆ.

ದೊಡ್ಡವರು ಮನಸ್ಸು ಮಾಡಿದರೆ ಆಗುತ್ತದೆ. 1971ರಲ್ಲಿ ಅಮೆರಿಕದ ಆಸ್ಟಿನ್‌ನಲ್ಲಿ ಬಿಳಿಯ, ಕಪ್ಪು, ಮೆಕ್ಸಿಕನ್ ಮೂಲದ ಮಕ್ಕಳು ಹೊಸದಾಗಿ ಒಂದೇ ತರಗತಿಗೆ ಬಂದಾಗ ಹೊಡೆದಾಟಗಳಾದವು. ಮನಶ್ಶಾಸ್ತ್ರಜ್ಞ ಎಲಿಯಟ್ ಅರಾನ್ಸನ್ ಮತ್ತು ಅವರ ವಿದ್ಯಾರ್ಥಿಗಳು ಗುಂಪುಗಳನ್ನು ಬೆರೆಸಿ ಮಾಡಿಸಿದರು. ಪಾಠದ ಒಂದೊಂದು ತುಂಡು ಒಬ್ಬೊಬ್ಬರಿಗೆ. ಎಲ್ಲರೂ ತಮ್ಮ ತುಂಡು ಹೇಳಿಕೊಡದಿದ್ದರೆ ಯಾರಿಗೂ ಪಾಠ ಪೂರ್ತಿಯಾಗುವುದಿಲ್ಲ. ತಡವರಿಸುವ ಮಗುವಿನ ಮಾತಿಗೂ ಉಳಿದವರು ಕಿವಿಗೊಡಲೇಬೇಕು.

ಟೀಚರ್ ಕೆಟ್ಟವರಲ್ಲ, ಅವರಿಗೆ ಕೆಲಸದ ಹೊರೆ ಇದೆ, ಗೊತ್ತು. ಆದರೂ ಮುಂದಿನ ಪೋಷಕರ ಸಭೆಯಲ್ಲಿ ಅಂಕಗಳ ಮಾತಿಗೆ ಮೊದಲು ಇದನ್ನೇ ಎತ್ತುತ್ತೇನೆ. ನೀವೂ ನಿಮ್ಮ ಮಕ್ಕಳ ಶಾಲೆಯಲ್ಲಿ ಕೇಳಿ: ಗುಂಪು ಮಾಡುವವರು ಯಾರು?