ಸ್ಪಷ್ಟನೆ: ಆಲ್ಬರ್ಟ್ ಶ್ಪೇರ್ 'ಬರೀ ವಾಸ್ತುಶಿಲ್ಪಿ' ಆಗಿರಲಿಲ್ಲ

'ಹಿಟ್ಲರನ ವಾಸ್ತುಶಿಲ್ಪಿ ಶ್ಪೇರ್ ಕಟ್ಟಡಗಳನ್ನಷ್ಟೇ ಕಟ್ಟಿದ, ಯಹೂದಿಗಳ ಹತ್ಯೆ ಅವನಿಗೆ ತಿಳಿದಿರಲಿಲ್ಲ, ನ್ಯೂರೆಂಬರ್ಗ್‌ನ ಯುದ್ಧಾಪರಾಧ ವಿಚಾರಣೆಯಲ್ಲಿ ಪಶ್ಚಾತ್ತಾಪಪಟ್ಟ' ಎಂಬ ಬರಹ ಹರಿದಾಡುತ್ತಿದೆ. ಇದು ದಾಖಲೆಗಳಿಗೆ ವಿರುದ್ಧ.

1937ರಲ್ಲಿ ಶ್ಪೇರ್ ಬರ್ಲಿನ್ ಪುನರ್ನಿರ್ಮಾಣದ ಮುಖ್ಯಸ್ಥನಾದ. ನಗರದ ನಡುವಿನ ಹೊಸ ರಾಜಬೀದಿಗಾಗಿ ಮನೆ ಕಳೆದುಕೊಳ್ಳುವವರಿಗೆ ಬದಲಿ ವಸತಿ ಬೇಕಿತ್ತು. ಅದಕ್ಕೆ ಅವನ ಕಚೇರಿಯೇ ಯಹೂದಿ ಬಾಡಿಗೆದಾರರ ಪಟ್ಟಿ ಮಾಡಿ ಮನೆ ಖಾಲಿ ಮಾಡಿಸಿತು. 1941ರಿಂದ ಹೀಗೆ ಹೊರಬಿದ್ದ ಅನೇಕರನ್ನು ರೈಲಿನಲ್ಲಿ ಪೂರ್ವದ ಘೆಟ್ಟೋ, ಹತ್ಯಾ ತಾಣಗಳಿಗೆ ಸಾಗಿಸಲಾಯಿತು. ಕಟ್ಟಡಗಳ ಗ್ರಾನೈಟ್‌ಗಾಗಿ ಎಸ್‌ಎಸ್‌ (ನಾಜಿ ಪಕ್ಷದ ಸಶಸ್ತ್ರ ಪಡೆ) ನಡೆಸಿದ ಕ್ವಾರಿಗಳು ಫ್ಲೋಸನ್‌ಬುರ್ಗ್, ಮೌಟ್‌ಹೌಸನ್ ಯಾತನಾ ಶಿಬಿರಗಳ ಪಕ್ಕದಲ್ಲೇ ಇದ್ದವು. ಕಲ್ಲು ಒಡೆದವರು ಕೈದಿಗಳು. ಅವನ ಕಟ್ಟಡಗಳ ನಕ್ಷೆಯನ್ನು ಇದರಿಂದ ಬೇರ್ಪಡಿಸಿ ನೋಡಲಾಗದು.

1942ರ ಫೆಬ್ರವರಿಯಲ್ಲಿ ಅವನು ಶಸ್ತ್ರಾಸ್ತ್ರ ಸಚಿವ. ಒತ್ತಾಯದ ಕೂಲಿಯೇ ಆ ಉತ್ಪಾದನೆಯ ಆಧಾರ. 1943ರ ಡಿಸೆಂಬರಿನಲ್ಲಿ ಕೈದಿಗಳು ದುಡಿಯುತ್ತಿದ್ದ ಡೋರಾ ಶಿಬಿರದ ಸುರಂಗ ಕಾರ್ಖಾನೆಯನ್ನು ಸ್ವತಃ ನೋಡಿಬಂದ. ನ್ಯೂರೆಂಬರ್ಗ್ ನ್ಯಾಯಾಲಯ ಕೊಟ್ಟ 20 ವರ್ಷದ ಶಿಕ್ಷೆಗೆ ಈ ಕೂಲಿಯೇ ಮುಖ್ಯ ಕಾರಣ.

'ತಿಳಿದಿರಲಿಲ್ಲ' ಎಂಬುದು 1966ರ ಬಿಡುಗಡೆಯ ನಂತರ ಗಟ್ಟಿಯಾದ ಮಾತು. ಅವನ ಕಚೇರಿಯ ದಿನಚರಿಯ ಪ್ರತಿಯಿಂದ ಯಹೂದಿಗಳನ್ನು ಮನೆಗಳಿಂದ ಹೊರಹಾಕಿದ ಭಾಗಗಳನ್ನು ಗೆಳೆಯ ರುಡಾಲ್ಫ್ ವೋಲ್ಟರ್ಸ್ 1964ರಲ್ಲಿ ತೆಗೆದುಹಾಕಿದ್ದ. ಅದೇ ಪ್ರತಿಯನ್ನು ಶ್ಪೇರ್ ಜರ್ಮನ್ ಸರ್ಕಾರಿ ದಾಖಲಾಗಾರಕ್ಕೆ ಕೊಟ್ಟ! ಮೂಲ ಪ್ರತಿ 1980ರ ದಶಕದಲ್ಲಿ ಬೆಳಕಿಗೆ ಬಂತು. 1943ರ ಅಕ್ಟೋಬರ್ 6ರಂದು ಈಗ ಪೋಲೆಂಡಿನಲ್ಲಿರುವ ಪೋಸನ್‌ನಲ್ಲಿ ಯಹೂದಿಗಳನ್ನೆಲ್ಲ ಕೊಲ್ಲಲಾಗುವುದೆಂದು ಎಸ್‌ಎಸ್‌ ಮುಖ್ಯಸ್ಥ ಹಿಮ್ಲರ್ ಹೇಳಿದಾಗ ತಾನು ಅಲ್ಲಿದ್ದೆನೆಂದು 1971ರ ಖಾಸಗಿ ಪತ್ರದಲ್ಲಿ ಶ್ಪೇರ್ ಒಪ್ಪಿದ್ದಾನೆ. ಸಾರ್ವಜನಿಕವಾಗಿ ನಿರಾಕರಿಸುತ್ತಲೇ 1981ರಲ್ಲಿ ಲಂಡನ್ನಿನಲ್ಲಿ ತೀರಿಕೊಂಡ. ಆ ಪತ್ರ ಹೊರಬಂದದ್ದು 2007ರಲ್ಲಿ.