ಪ್ರಚಾರದಿಂದ ಬೆಳೆದ ಕಂಪನಿ ಅಲ್ಲ
ಅಮೆರಿಕದ ಕಪ್ಪು ಜನರೇ ಕಟ್ಟಿದ ನಾರ್ತ್ ಕೆರೊಲಿನಾ ಮ್ಯೂಚುವಲ್ ವಿಮಾ ಕಂಪನಿ ಬೆಳೆದದ್ದು ಅದರ ವ್ಯವಸ್ಥಾಪಕರಾಗಿದ್ದ ಸ್ಪಾಲ್ಡಿಂಗ್ ಅವರ ಪ್ರಚಾರದ ಜಾಣ್ಮೆಯಿಂದ ಎಂದು ಬರೆದಿದ್ದೀರಿ. ಒಪ್ಪಲಾರೆ ಸರ್. ಕಪ್ಪು ಜನರು ಬಿಳಿಯರಷ್ಟೇ ಕಂತು ಕಟ್ಟಿದರೂ ಸತ್ತಾಗ ಸಿಗುವ ಹಣದಲ್ಲಿ ಮೂರನೇ ಒಂದು ಭಾಗವನ್ನು ಪ್ರುಡೆನ್ಶಿಯಲ್ ಎಂಬ ದೊಡ್ಡ ವಿಮಾ ಕಂಪನಿ 1881ರಲ್ಲೇ ಕಡಿತ ಮಾಡಿತ್ತು. ಆ ಅವಮಾನ ಬಿಟ್ಟು ಈ ಕಥೆ ಹೇಳುವುದು ಹೇಗೆ? 1898ರಲ್ಲಿ ನಾರ್ತ್ ಕೆರೊಲಿನಾದ ಡರ್ಹಮ್ ಊರಲ್ಲಿ ಈ ಮ್ಯೂಚುವಲ್ ಕಂಪನಿ ಕಟ್ಟಿದವರಲ್ಲಿ ಜಾನ್ ಮೆರಿಕ್ ಗುಲಾಮಗಿರಿಯಲ್ಲಿ ಹುಟ್ಟಿ ಕ್ಷೌರದ ಅಂಗಡಿಗಳನ್ನು ನಡೆಸುತ್ತಿದ್ದವರು, ಆರನ್ ಮೂರ್ ವೈದ್ಯರು. ಮೊದಲ ಮರಣದ ಕ್ಲೇಮಿಗೆ ಕಂಪನಿಯಲ್ಲಿ ದುಡ್ಡಿರಲಿಲ್ಲ. 40 ಡಾಲರನ್ನು ತಮ್ಮ ಜೇಬಿನಿಂದಲೇ ಹಾಕಿ ಕೊಟ್ಟರು. ಹತ್ತೊಂಬತ್ತು ವರ್ಷ ವಿಮಾ ಏಜೆಂಟನಾಗಿ ದುಡಿದವನು ನಾನು. ಒಂದು ಊರಲ್ಲಿ ಒಬ್ಬ ವಿಧವೆಗೆ ಹಣ ಸರಿಯಾಗಿ ಕೈಸೇರಿದರೆ, ಮರುವಾರ ಆ ಬೀದಿಯವರೇ ಕರೆದು ಪಾಲಿಸಿ ಕೇಳುತ್ತಾರೆ.