ಒಡೆಯದ ದನಿ

ಹದಿನಾಲ್ಕರ ಹೊತ್ತಿಗೆ ನನ್ನ ಓರಗೆಯ ಹುಡುಗರ ದನಿಯೆಲ್ಲ ಒಡೆದು, ಒಬ್ಬೊಬ್ಬರೂ ಖಾಲಿ ಹಂಡೆಯೊಳಗೆ ಬಾಯಿಟ್ಟಂತೆ ಮಾತನಾಡತೊಡಗಿದರು. ನನ್ನದು ಮಾತ್ರ ಒಡೆಯಲಿಲ್ಲ. ಹಾಲು ಒಡೆದರೆ ಮನೆ ತಲೆಕೆಳಗು ಮಾಡುತ್ತಿದ್ದ ಅಮ್ಮ, ನನ್ನ ದನಿ ಯಾವಾಗ ಒಡೆದೀತೆಂದು ದಿನ ಎಣಿಸುತ್ತಿದ್ದಳು. ಈಗ ಐವತ್ತು ದಾಟಿದೆ. ತಲೆ ಬೋಳಾಗಿದೆ, ಮೀಸೆ ನರೆತಿದೆ, ಗಂಟಲು ಇನ್ನೂ ಏಳನೆಯ ತರಗತಿಯಲ್ಲೇ ಕುಳಿತಿದೆ. ಎದುರಿಗೆ ನಿಂತವರಿಂದ ತೊಂದರೆಯಿಲ್ಲ, ಮೀಸೆ ಸಾಕ್ಷಿ ಹೇಳುತ್ತದೆ. ಫೋನಿನಲ್ಲಿ ಮೀಸೆ ಕೇಳಿಸುವುದಿಲ್ಲ. ಸಾಲ ಬೇಕೇ ಎನ್ನುವವರಿಗೆ, ಸಿಲಿಂಡರ್ ತರುವವರಿಗೆ, ಕೊರಿಯರ್ ಹುಡುಗರಿಗೆ ನಾನು 'ಮೇಡಂ'. ಮೊದಮೊದಲು ತಿದ್ದುತ್ತಿದ್ದೆ. ತಿದ್ದಿದರೆ 'ಸಾರಿ ಮೇಡಂ' ಎನ್ನುತ್ತಾರೆ. ತಿದ್ದುವುದನ್ನು ಬಿಟ್ಟೆ.

ಹೋದ ರಜೆಯಲ್ಲಿ ಅಕ್ಕನ ಮಗ ಬಂದಿದ್ದ. ಬಂದವನು ಊಟ, ಸ್ನಾನ ಮರೆತು 'ಡ್ರ್ಯಾಗನ್ ಬಾಲ್' ಎಂಬ ಕಾರ್ಟೂನು ನೋಡುತ್ತ ಕುಳಿತ. ಅದೂ ಜಪಾನೀ ಭಾಷೆಯಲ್ಲೇ, ಕೆಳಗೆ ಇಂಗ್ಲಿಷ್ ಅಕ್ಷರಗಳನ್ನು ಓಡಿಸಿಕೊಂಡು. ಪಕ್ಕದ ಕೋಣೆಯಲ್ಲಿ ಬಟ್ಟೆ ಮಡಿಸುತ್ತಿದ್ದ ನನಗೆ ಚಿತ್ರ ಕಾಣುತ್ತಿರಲಿಲ್ಲ, ದನಿಯಷ್ಟೇ ಕೇಳುತ್ತಿತ್ತು. ಮರ ಹತ್ತಿ ಮೊಣಕಾಲು ತರಚಿಕೊಂಡ ಹುಡುಗನ ದನಿ. ಅದರಲ್ಲಿ ಒಂದಿಷ್ಟು ಮರಳು, ಒಂದಿಷ್ಟು ಹಸಿವು, ಬೇಕಾದಷ್ಟು ಸಂತೋಷ.

"ಯಾರೋ ಅವನು, ಇಷ್ಟು ಕಿರುಚುತ್ತಾನೆ?"

"ಅವನಲ್ಲ ಮಾವ, ಅಜ್ಜಿ. ಎಂಬತ್ತೆಂಟು ವರ್ಷ."

ಮಡಿಸುತ್ತಿದ್ದ ಪಂಚೆ ಕೈಯಲ್ಲೇ ಉಳಿಯಿತು.

ಅಜ್ಜಿಯ ಹೆಸರು ಮಸಾಕೊ ನೊಜಾವಾ. 1936ರಲ್ಲಿ ಟೋಕಿಯೋದಲ್ಲಿ ಹುಟ್ಟಿ, ಬೆಟ್ಟದ ಸೀಮೆಯಾದ ಗುನ್ಮಾದಲ್ಲಿ ಬೆಳೆದವರು. ಮೂರನೆಯ ವರ್ಷಕ್ಕೇ ಸಿನಿಮಾದಲ್ಲಿ ಬಾಲನಟಿ, ಆಮೇಲೆ ನಾಟಕ. ಅವರು ಹುಡುಗನಾದ ಕಥೆ ಕೇಳಿದರೆ, ದೊಡ್ಡ ಕಲೆಗಳ ಹಿಂದೆ ಎಷ್ಟು ಸಣ್ಣ ಅನನುಕೂಲಗಳಿರುತ್ತವೆ ಎಂದು ನಗು ಬರುತ್ತದೆ. ಜಪಾನಿನಲ್ಲಿ ದೂರದರ್ಶನ ಪ್ರಸಾರ ಶುರುವಾದದ್ದು 1953ರಲ್ಲಿ. ಈ ಹೊಸ ಪೆಟ್ಟಿಗೆ ತಮ್ಮ ಅನ್ನಕ್ಕೆ ಕಲ್ಲು ಹಾಕುತ್ತದೆಂದು ಹೆದರಿದ ಅಲ್ಲಿನ ದೊಡ್ಡ ಸಿನಿಮಾ ಸಂಸ್ಥೆಗಳು 1956ರಲ್ಲಿ ಒಂದಾಗಿ, ಟೀವಿಗೆ ಚಿತ್ರಗಳನ್ನು ಕೊಡುವುದಿಲ್ಲ ಎಂದುಬಿಟ್ಟವು. ಟೀವಿಯವರು ಅಮೆರಿಕದ ಧಾರಾವಾಹಿಗಳನ್ನು ಕೊಂಡು ತಂದರು. ಅವಕ್ಕೆ ಜಪಾನೀ ಮಾತು ಸೇರಿಸಬೇಕಲ್ಲ? ಆಗ ಅದೂ ನೇರ ಪ್ರಸಾರ. ಪರದೆಯ ಮೇಲೆ ಅಮೆರಿಕದವನು ಬಾಯಿ ತೆರೆದ ಕ್ಷಣಕ್ಕೆ ಸ್ಟುಡಿಯೋದಲ್ಲಿ ಜಪಾನಿನವನು ಮಾತನಾಡಬೇಕು. ತಪ್ಪಿದರೆ ತಪ್ಪು ಹಾಗೇ ಮನೆಮನೆಗೆ ಹೋಗುತ್ತಿತ್ತು.

ಹುಡುಗರ ಪಾತ್ರಕ್ಕೆ ಹುಡುಗರನ್ನೇ ಕರೆದರೆ, ರಾತ್ರಿ ಪ್ರಸಾರದ ಹೊತ್ತಿಗೆ ಅವರು ತೂಕಡಿಸುತ್ತಾರೆ. ಎದ್ದಿದ್ದರೂ ಬಾಯಿಗೆ ಬಾಯಿ ಕೂಡಿಸಲು ಬರುವುದಿಲ್ಲ. ಬಂದಿತು ಎನ್ನುವಷ್ಟರಲ್ಲಿ ದನಿ ಒಡೆಯುತ್ತದೆ. ದೊಡ್ಡ ಗಂಡಸರಿಗೆ ಹುಡುಗನ ದನಿ ಬಾರದು. (ಆಗ ನಾನು ಟೋಕಿಯೋದಲ್ಲಿ ಇದ್ದಿದ್ದರೆ!) ಹೆಂಗಸರನ್ನು ಕರೆದು ನೋಡೋಣ ಎಂದು ಯಾರಿಗೋ ಹೊಳೆಯಿತು. ಪರೀಕ್ಷೆಗೆ ಹೋದವರಲ್ಲಿ ನೊಜಾವಾ ಆಯ್ಕೆಯಾದರು. ನಾಟಕ ತಂಡಕ್ಕೆ ದುಡ್ಡು ಬೇಕಿತ್ತು, ಒಪ್ಪಿಕೊಂಡರು. ತಾತ್ಕಾಲಿಕ ಏರ್ಪಾಡು ಎಂದು ಶುರುವಾದದ್ದು ಅರವತ್ತು ವರ್ಷ ದಾಟಿಯೂ ನಡೆದಿದೆ. ಸರ್ಕಾರಿ ಕಚೇರಿಗಳಲ್ಲಿ ಮಾತ್ರ ಹೀಗಾಗುತ್ತದೆಂದು ತಿಳಿದಿದ್ದೆ.

1968ರಲ್ಲಿ 'ಗೆಗೆಗೆ ನೊ ಕಿಟಾರೊ' ಎಂಬ ಕಾರ್ಟೂನು ಬಂತು. ಕಿಟಾರೊ ದೆವ್ವಗಳ ಕುಲದ ಕೊನೆಯ ಹುಡುಗ, ಒಂದು ಕಣ್ಣನ್ನು ಕೂದಲಿನಿಂದ ಮುಚ್ಚಿಕೊಂಡವನು. ಅವನ ದನಿ ನೊಜಾವಾ. ಅಪ್ಪನೂ ಇದ್ದಾನೆ, ಆದರೆ ಕೊಳೆತುಹೋದ ದೇಹದಲ್ಲಿ ಉಳಿದದ್ದು ಒಂದು ಕಣ್ಣುಗುಡ್ಡೆ. ಅದಕ್ಕೇ ಪುಟ್ಟ ಕೈಕಾಲು ಬಂದು, ಮಗನ ಕೂದಲೊಳಗೆ ಕುಳಿತು ಬುದ್ಧಿ ಹೇಳುತ್ತಿರುತ್ತದೆ. ಬಿಡುವಾದಾಗ ಚಹಾ ಬಟ್ಟಲಿಗೆ ಬಿಸಿನೀರು ಹಾಕಿಸಿಕೊಂಡು ಅಭ್ಯಂಜನ ಮಾಡುತ್ತದೆ. ಸತ್ತರೂ ಮಗನ ತಲೆಯಿಂದ ಇಳಿಯದ ಅಪ್ಪ! ಇಂಥವರು ನಮ್ಮಲ್ಲೂ ಇದ್ದಾರೆ, ಆದರೆ ಇಷ್ಟು ಮುದ್ದಾಗಿರುವುದಿಲ್ಲ. ಆ ಅಪ್ಪನ ಕೀರಲು ದನಿ ಇಸಾಮು ತಾನೊನಾಕಾ ಅವರದು. ನಲವತ್ತು ವರ್ಷಕ್ಕೂ ಮೇಲ್ಪಟ್ಟು ಆ ಕಣ್ಣುಗುಡ್ಡೆ ಅವರ ಪಾಲಿಗೇ ಇತ್ತು. 2010ರಲ್ಲಿ ಅವರು ತೀರಿಕೊಂಡರು.

'ಡ್ರ್ಯಾಗನ್ ಬಾಲ್'ನ ನಾಯಕ ಗೋಕು ಬಂದದ್ದು 1986ರ ಫೆಬ್ರುವರಿಯಲ್ಲಿ. ಕಥೆ ಬರೆದು ಚಿತ್ರಿಸಿದ ಅಕಿರಾ ತೊರಿಯಾಮಾ ಪರೀಕ್ಷೆಯ ಟೇಪುಗಳನ್ನು ಕೇಳಿ ಇವರನ್ನೇ ಆರಿಸಿದರು. ಬಾಲವಿರುವ, ಕಾಡಿನಲ್ಲಿ ಬೆಳೆದ ಹುಡುಗ ಗೋಕು ತನ್ನನ್ನು 'ಓರಾ' ಎಂದುಕೊಳ್ಳುತ್ತಾನೆ. ನಮಗೆ 'ನಾನು' ಒಂದೇ; ಹೆಚ್ಚೆಂದರೆ ಮೇಜು ಗುದ್ದಿ 'ನಾವು' ಎನ್ನಬಹುದು. ಅವರಿಗೆ 'ನಾನು'ಗಳ ಅಂಗಡಿಯೇ ಇದೆ. ಸಭ್ಯ ಹುಡುಗನ 'ಬೊಕು' ಬೇರೆ, ಒರಟು ಹುಡುಗನ 'ಓರೆ' ಬೇರೆ, ಹೊಲಗದ್ದೆಯ ಕಡೆಯವನ 'ಓರಾ' ಬೇರೆ. ಲೋಕವನ್ನೇ ಉಳಿಸುವ ವೀರ ಕೊನೆತನಕ ಹಳ್ಳಿ ಹೈದನ 'ನಾನು' ಬಿಡುವುದಿಲ್ಲ. ನೊಜಾವಾ ಆ ಒಂದು ಪದ ಹೇಳುವುದನ್ನು ಕೇಳಿದರೆ ಸಾಕು, ಮಣ್ಣು ಮೆತ್ತಿದ ಕಾಲು ಕಣ್ಣಿಗೆ ಕಟ್ಟುತ್ತದೆ.

ನನಗೆ ಅತ್ಯಂತ ಪ್ರಿಯವಾದ ಸಂಗತಿ ಮುಂದಿದೆ. ಕಥೆಯಲ್ಲಿ ಗೋಕು ಬೆಳೆಯುತ್ತಾನೆ. ತೋಳು ಕಂಬದಂತಾಗುತ್ತದೆ, ಮದುವೆಯಾಗುತ್ತದೆ, ಮಕ್ಕಳಾಗುತ್ತವೆ. ದನಿ ಮಾತ್ರ ಒಡೆಯುವುದಿಲ್ಲ! ಇಂಗ್ಲಿಷಿಗೆ ತಂದವರು ದೊಡ್ಡ ಗೋಕುವಿಗೆ ಗಂಡಸಿನ ಗಂಟಲು ತೊಡಿಸಿದರು. ಜಪಾನಿನಲ್ಲಿ ಅದೇ ನೊಜಾವಾ, ಅದೇ ಮರಳು. ಆ ಮೈಕಟ್ಟಿನವನ ಬಾಯಿಂದ ಆ ದನಿ ಬಂದಾಗ ಅಲ್ಲಿ ಯಾರೂ 'ಮೇಡಂ' ಎನ್ನಲಿಲ್ಲ. ಪಂಚೆಯನ್ನು ಹಾಗೇ ಹೆಗಲಿಗೆ ಹಾಕಿಕೊಂಡು ಅಕ್ಕನ ಮಗನ ಪಕ್ಕ ಕುಳಿತವನು ಆ ದಿನ ಮೂರು ಕಂತು ನೋಡಿಯೇ ಎದ್ದೆ.

ಗೋಕುವಿನ ಮಗ ಗೋಹಾನ್‌ಗೂ ಅವರದೇ ದನಿ, ಕಿರಿಮಗ ಗೋಟೆನ್‌ಗೂ, ಗೋಕುವಿನ ಅಪ್ಪ ಬಾರ್ಡಾಕ್‌ಗೂ. ಅಂದರೆ ಮೂರು ತಲೆಮಾರು ಒಂದೇ ಗಂಟಲಿನಲ್ಲಿ ಅವಿಭಕ್ತ ಕುಟುಂಬ. ಅಪ್ಪ ಮಕ್ಕಳು ಒಟ್ಟಿಗೆ ಮಾತನಾಡುವ ದೃಶ್ಯಗಳನ್ನೂ ಬೇರೆಬೇರೆಯಾಗಿ ಮುದ್ರಿಸದೆ ಒಂದೇ ಓಟದಲ್ಲಿ ಮಾಡುತ್ತಾರೆ. ಪರದೆಯ ಮೇಲೆ ಯಾರ ಮುಖ ಬಂತೋ ಆ ಕ್ಷಣ ಅವರಾಗಿಬಿಡುತ್ತಾರೆ.

ಈ ಕೆಲಸಕ್ಕೆ ಅಲ್ಲಿ 'ಆಫುರೆಕೊ' ಎನ್ನುತ್ತಾರೆ. ಇಂಗ್ಲಿಷಿನ 'ಆಫ್ಟರ್ ರೆಕಾರ್ಡಿಂಗ್' ಅನ್ನು ಎಳೆದು, ಕತ್ತರಿಸಿ, ತಮ್ಮ ಅಡುಗೆಮನೆಯ ಪಾತ್ರೆಗೆ ಹೊಂದಿಸಿಕೊಂಡ ಪದ. ಕೋಣೆಯ ಗೋಡೆಗುಂಟ ಹತ್ತು ಹದಿನೈದು ಜನ ಕುಳಿತಿರುತ್ತಾರೆ, ಎದುರಿಗೆ ಮೂರು ನಾಲ್ಕೇ ಮೈಕು. ತನ್ನ ಸರದಿಗೆ ಎದ್ದು, ಖಾಲಿ ಮೈಕಿಗೆ ಹೋಗಿ, ಮಾತು ಮುಗಿಸಿ, ಮುಂದಿನವರಿಗೆ ಡಿಕ್ಕಿ ಹೊಡೆಯದೆ ಹಿಂದೆ ಸರಿಯಬೇಕು. ಕೈಯಲ್ಲಿ ಹಿಡಿದ ಸಂಭಾಷಣೆಯ ಪುಸ್ತಕದ ಹಾಳೆ ಮಗುಚಿದ ಸದ್ದು ಕೇಳಬಾರದು. ಸರಸರ ಎನ್ನುವ ಬಟ್ಟೆ ತೊಡಬಾರದು. ಎಷ್ಟೋ ಸಲ ಚಿತ್ರವೇ ಸಿದ್ಧವಿರುವುದಿಲ್ಲ, ಪೆನ್ಸಿಲ್ ಗೆರೆಗಳಷ್ಟೇ ಓಡುತ್ತಿರುತ್ತವೆ. ಆ ಗೆರೆಯನ್ನು ನೋಡಿಕೊಂಡು ಬೆಟ್ಟ ಪುಡಿಯಾಗುವಂತೆ ಅರಚಬೇಕು, ಪಾದ ಮಾತ್ರ ಕದಲಬಾರದು. ಸಂಭಾವನೆಗೆ ದರ್ಜೆಗಳಿವೆ. ತೀರ ಹೊಸಬರಿಗೆ ಅರ್ಧ ಗಂಟೆಯ ಕಂತಿಗೆ 15,000 ಯೆನ್. ಒಂದೇ ಮಾತಿದ್ದರೂ ಅಷ್ಟೇ, ನೂರು ಮಾತಿದ್ದರೂ ಅಷ್ಟೇ. ನಮ್ಮ ಮನೆಯಲ್ಲಿ ಈ ಪದ್ಧತಿ ಬಂದರೆ ನನಗೆ ಲಾಭ.

ನಾವು ಇದನ್ನು 'ಕಂಠದಾನ' ಎಂದು ಕರೆಯುತ್ತೇವೆ. ಕನ್ಯಾದಾನ, ಗೋದಾನ, ರಕ್ತದಾನಗಳ ಸಾಲಿನ ಪುಣ್ಯಕಾರ್ಯ. ದಾನ ಎಂದಮೇಲೆ ದುಡ್ಡು ಕೇಳಲು ನಾಚಿಕೆ, ಹೆಸರು ಕೇಳಲು ಇನ್ನೂ ನಾಚಿಕೆ. ಪರಊರಿಂದ ಬಂದ ಎಷ್ಟೋ ನಾಯಕಿಯರಿಗೆ ಕನ್ನಡ ಕೊಟ್ಟ ಹೆಂಗಸರ ಹೆಸರು ಪ್ರೇಕ್ಷಕರಿಗೆ ಗೊತ್ತೇ ಇಲ್ಲ. ಜಪಾನೀ ಪದ 'ಸೇಯೂ'. ಸೇ ಎಂದರೆ ದನಿ, ಯೂ ಎಂದರೆ ನಟ. ಅಲ್ಲಿ ದಾನದ ಮಾತಿಲ್ಲ. ಅವರ ಮುಖವೂ ಜನಕ್ಕೆ ಗೊತ್ತು.

ದನಿಯಿಂದ ನೊಂದವರೂ ಅವರಲ್ಲಿದ್ದರು. ಡೋರೇಮಾನ್‌ಗೆ 1979ರಿಂದ 2005ರವರೆಗೆ ದನಿಯಾದ ನೊಬುಯೊ ಒಯಾಮಾ ಅವರನ್ನು ಶಾಲೆಯಲ್ಲಿ ಗೊಗ್ಗರು ಗಂಟಲಿಗಾಗಿ ಹುಡುಗರು ಆಡಿಕೊಳ್ಳುತ್ತಿದ್ದರಂತೆ. ಬಾಯಿ ಮುಚ್ಚಿಕೊಂಡು ಕುಳಿತರೆ ಇದ್ದದ್ದೂ ಹೋಗುತ್ತದೆ, ಇನ್ನಷ್ಟು ಮಾತನಾಡು ಎಂದರಂತೆ ತಾಯಿ. ಹುಡುಗಿ ಹೋಗಿ ಶಾಲೆಯ ಪ್ರಸಾರ ಬಳಗ ಸೇರಿದಳು. ಆಮೇಲೆ ಇಡೀ ದೇಶದ ಮಕ್ಕಳು ಆ ಗೊಗ್ಗರು ಗಂಟಲನ್ನು ಕೇಳುತ್ತ ಅನ್ನ ಉಂಡರು. ಒಯಾಮಾ 2024ರಲ್ಲಿ, ತೊಂಬತ್ತನೆಯ ವಯಸ್ಸಿನಲ್ಲಿ ತೀರಿಕೊಂಡರು. ಅಂದಹಾಗೆ, ಅವರಿಗೂ ಮೊದಲು, 1973ರಲ್ಲಿ ಬಂದು ಬೇಗನೆ ನಿಂತುಹೋದ ಹಳೆಯ ಡೋರೇಮಾನ್‌ಗೆ ಕೆಲವು ತಿಂಗಳು ದನಿ ಕೊಟ್ಟವರು ಯಾರೆಂದು ಬೇರೆ ಹೇಳಬೇಕಿಲ್ಲ. ನಮ್ಮ ಅಜ್ಜಿಯೇ.

ಗಿನ್ನೆಸ್‌ನವರು 2017ರಲ್ಲಿ ನೊಜಾವಾಗೆ ಪ್ರಮಾಣಪತ್ರ ಕೊಟ್ಟರು. ಉದ್ದ ಉಗುರಿನವರಿಗೂ ಕೊಡುತ್ತಾರೆ, ಅದಿರಲಿ. ಮರುವರ್ಷ ಕಿಟಾರೊ ಮತ್ತೆ ಹೊಸದಾಗಿ ಬಂದ. ಈ ಸಲ ಅವನ ದನಿ ಮಿಯುಕಿ ಸವಾಶಿರೊ ಅವರದು. ನೊಜಾವಾಗೆ ಸಿಕ್ಕಿದ್ದು ಕಣ್ಣುಗುಡ್ಡೆಯ ಅಪ್ಪ. ಐವತ್ತು ವರ್ಷದ ಹಿಂದೆ ಯಾರ ಕೂದಲಲ್ಲಿ ಅಪ್ಪ ಕುಳಿತು ಬುದ್ಧಿ ಹೇಳುತ್ತಿದ್ದನೋ, ಆ ಮಗ ಈಗ ಬಟ್ಟಲಿನ ಬಿಸಿನೀರಿಗೆ ಇಳಿದು "ಓಯ್, ಕಿಟಾರೊ!" ಎಂದು ಕೂಗಿದ. ಇದನ್ನು ಹೇಳುವಾಗ ಅಕ್ಕನ ಮಗ ಪಾಪ ಎಷ್ಟು ಸಹಜವಾಗಿ ಹೇಳಿದ! ಅವನಿಗೆ ಹದಿಮೂರು, ಅಪ್ಪನಾಗುವುದು ಎಂದರೇನೆಂದು ಗೊತ್ತಿಲ್ಲ. ನಾನು ಮೂಗು ಒರೆಸಿಕೊಳ್ಳಲು ಬಚ್ಚಲಿಗೆ ಹೋದೆ.

ತೊರಿಯಾಮಾ 2024ರ ಮಾರ್ಚಿನಲ್ಲಿ ಹೋದರು. ಅದೇ ವರ್ಷದ ಅಕ್ಟೋಬರಿನಲ್ಲಿ ಅವರ ಕೊನೆಯ ಕಥೆಯೊಂದು ಪ್ರಸಾರಕ್ಕೆ ಬಂತು. ಅದರಲ್ಲಿ ಯಾವುದೋ ಮಾಟದಿಂದ ದೊಡ್ಡ ಗೋಕು ಮತ್ತೆ ಪುಟ್ಟ ಹುಡುಗನಾಗುತ್ತಾನೆ. ಅದೇ ತಿಂಗಳು ನೊಜಾವಾಗೆ ಎಂಬತ್ತೆಂಟು ತುಂಬಿತು. ಅಂದು ಗೋಡೆಯಾಚೆಯಿಂದ ನನಗೆ ಕೇಳಿದ್ದು ಆ ಪುಟ್ಟ ಗೋಕುವಿನ ದನಿ.

ರಜೆ ಮುಗಿಯುವ ಹಿಂದಿನ ದಿನ ಫೋನು ಬಂತು. ಯಾವುದೋ ವಿಮೆಯವರು.

"ನಮಸ್ಕಾರ ಮೇಡಂ, ಸ್ವಲ್ಪ ಯಜಮಾನರಿಗೆ ಕೊಡುತ್ತೀರಾ?"

ಒಂದು ಗಂಟಲಿನಲ್ಲಿ ಮೂರು ತಲೆಮಾರು ಸಾಕಿದವರ ಧ್ಯಾನ ಮಾಡಿದೆ. "ಒಂದು ನಿಮಿಷ ಇರಿ, ಕರೆಯುತ್ತೇನೆ" ಎಂದು ಫೋನನ್ನು ದೂರ ಹಿಡಿದೆ. ಚಪ್ಪಲಿ ಸದ್ದು ಮಾಡುತ್ತ ನಾಲ್ಕು ಹೆಜ್ಜೆ ನಡೆದೆ. ಅಕ್ಕನ ಮಗ ಬಾಯಿಗೆ ದಿಂಬು ಒತ್ತಿಕೊಂಡು ನೋಡುತ್ತಿದ್ದ. ಎದೆ ಉಬ್ಬಿಸಿ, ಗದ್ದ ಎದೆಗೆ ಒತ್ತಿ, ಹೊಟ್ಟೆಯ ಆಳದಿಂದ ತೆಗೆದು ಹೇಳಿದೆ: "ಹಲೋ, ಯಾರು ಮಾತನಾಡುತ್ತಿರುವುದು?"

ಆ ಕಡೆ ಅರೆಕ್ಷಣ ಮೌನ.

"ನಮಸ್ಕಾರ ಅಜ್ಜಿ," ಎಂದ ಅವನು, ಮೊದಲಿಗಿಂತ ಹೆಚ್ಚು ವಿನಯದಿಂದ, "ಮನೆಯಲ್ಲಿ ಗಂಡಸರು ಯಾರೂ ಇಲ್ಲವೇ?"